ಉಕ್ಕಿನ ಟೋಪಿ ಯಾರ ತಲೆಗೆ?

ಯೂರೋಪ್ ಪ್ರವಾಸ ಮುಗಿಸಿ ಬಂದವರ ಫೋಟೋಗಳಲ್ಲಿ ಇದೊಂದು ಇದ್ದೇ ಇರುತ್ತೆ: ಮ್ಯೂಸಿಯಮ್ಮಿನ ಗಾಜಿನ ಹಿಂದೆ ಅಡಿಯಿಂದ ಮುಡಿಯವರೆಗೆ ಉಕ್ಕು ತೊಟ್ಟ ಕುದುರೆ ಸವಾರ, ಪಕ್ಕದಲ್ಲಿ ನಮ್ಮವರು. ಕೆಳಗೆ ಬರೆಯುವ ಸಾಲು ಎರಡೇ ನಮೂನೆ. ಒಂದೋ 'ಅಬ್ಬಾ, ಎಂಥಾ ವೀರರು!' ಇಲ್ಲಾಂದ್ರೆ 'ಪಾಪ, ಬಿದ್ರೆ ಏಳೋಕೂ ಆಗ್ತಿರಲಿಲ್ವಂತೆ.' ನನಗೆ ಎರಡರ ಮೇಲೂ ತಕರಾರಿದೆ. ಮೊದಲನೆಯದು ಬರೀ ಸೋಮಾರಿತನ. ಎರಡನೆಯದು ಅದಕ್ಕಿಂತ ಕೆಟ್ಟದ್ದು. ಯಾಕಂದ್ರೆ ಆ ನಗುವಿನ ಹಿಂದೆ ಒಂದು ಸುಳ್ಳು ಅಡಗಿದೆ: ಮೈ ಕಾಯುವ ಸಾಮಾನು ಅಂದರೆ ಸುಮ್ಮನೆ ಭಾರ, ಅದರಿಂದ ಉಪಯೋಗ ಇರಲಿಲ್ಲ, ಅದಕ್ಕೇ ಅದು ಇಲ್ಲವಾಯ್ತು ಅನ್ನೋ ಸುಳ್ಳು. ಈ ಸುಳ್ಳಿಗೆ 1914ರಲ್ಲಿ ಲಕ್ಷಾಂತರ ಹುಡುಗರು ತಲೆ ಕೊಟ್ಟರು. ಇದು ಅಲಂಕಾರದ ಮಾತಲ್ಲ.

ಮೊದಲು ಆ ಭಾರದ ಕಥೆ ನೋಡೋಣ. ಸವಾರರನ್ನ ಕ್ರೇನಿನಲ್ಲಿ ಎತ್ತಿ ಕುದುರೆ ಮೇಲೆ ಕೂರಿಸ್ತಿದ್ರು ಅಂತ ಎಲ್ಲರೂ ಕೇಳಿರ್ತೀರಿ. 1944ರ 'ಹೆನ್ರಿ ಫಿಫ್ತ್' ಸಿನಿಮಾದಲ್ಲಿ ಲಾರೆನ್ಸ್ ಒಲಿವಿಯೆ ಫ್ರೆಂಚ್ ಸವಾರನೊಬ್ಬನನ್ನು ರಾಟೆಯಿಂದ ಇಳಿಸಿ ಕುದುರೆ ಮೇಲೆ ಕೂರಿಸಿದ. ಜನ ಅದನ್ನೇ ಇತಿಹಾಸ ಅಂದುಕೊಂಡರು. ನಿಜ ಏನಂದ್ರೆ, 15ನೇ ಶತಮಾನದ ಯುದ್ಧಕವಚದ ತೂಕ ಸುಮಾರು 15ರಿಂದ 25 ಕೆಜಿ. ಅಷ್ಟೂ ಭಾರ ಹೆಗಲ ಮೇಲೆ ಜೋತುಬೀಳುತ್ತಿರಲಿಲ್ಲ. ತೋಳಿನದು ತೋಳಿಗೆ, ತೊಡೆಯದು ತೊಡೆಗೆ ಹಂಚಿಹೋಗುತ್ತಿತ್ತು. ಮಿಲಾನ್, ಆಗ್ಸ್‌ಬರ್ಗ್, ನ್ಯೂರೆಂಬರ್ಗಿನ ಕಸುಬುದಾರರು ದರ್ಜಿ ಬಟ್ಟೆ ಹೊಲಿದ ಹಾಗೆ ಮೈ ಅಳತೆ ತಗೊಂಡು ಉಕ್ಕು ಬಡಿಯುತ್ತಿದ್ದರು. ಇವತ್ತಿನ ಸೈನಿಕ ಬೆನ್ನಿಗೆ ಕಟ್ಟಿಕೊಳ್ಳುವ ಗಂಟು ಎಷ್ಟೋ ಸಲ ಇದಕ್ಕಿಂತ ಭಾರ. ಫ್ರಾನ್ಸಿನ ಮಾರ್ಷಲ್ ಬೂಸಿಕೋ ಕವಚ ತೊಟ್ಟು ಲಾಗ ಹಾಕುತ್ತಿದ್ದ, ಶಿರಸ್ತ್ರಾಣ ಒಂದನ್ನು ಮಾತ್ರ ತೆಗೆದಿಡುತ್ತಿದ್ದ ಅಂತ ಅವನ ಕಾಲದವರು ಬರೆದಿಟ್ಟಿದ್ದಾರೆ. 40 ಕೆಜಿ ದಾಟುವ ಕವಚಗಳೂ ಇದ್ದವು, ಒಪ್ಪಿದೆ. ಅವು ಈಟಿ ಪಂದ್ಯಕ್ಕೆ ಅಂತಲೇ ಮಾಡಿಸಿದವು, ಯುದ್ಧಕ್ಕಲ್ಲ. ರೇಸ್ ಕಾರು ನೋಡಿ 'ಇದರಲ್ಲಿ ತರಕಾರಿ ತರೋಕಾಗಲ್ವಲ್ಲ' ಅಂತ ನಕ್ಕರೆ ತಪ್ಪು ಕಾರಿನದ್ದಾ?

'ಸರಿ, ಆದ್ರೆ ಬಂದೂಕು ಬಂದ ಮೇಲೆ ಕವಚದ ಆಟ ಮುಗೀತಲ್ವಾ?' ಇದು ಮುಂದಿನ ಪ್ರಶ್ನೆ. ಅಷ್ಟು ಸಲೀಸಾಗಿ ಮುಗೀಲಿಲ್ಲ. 1525ರಲ್ಲಿ ಪಾವಿಯಾದಲ್ಲಿ ಫ್ರೆಂಚ್ ಸವಾರರನ್ನು ಸ್ಪೇನಿನ ಬಂದೂಕುಗಾರರು ಉರುಳಿಸಿದ್ದು, ರಾಜ ಒಂದನೇ ಫ್ರಾನ್ಸಿಸ್ಸೇ ಸೆರೆಸಿಕ್ಕಿದ್ದು ನಿಜ. ಕವಚ ಮಾಡುವವರು ಅದಕ್ಕೂ ಉತ್ತರ ಹುಡುಕಿದರು. ಎದೆಯ ತಗಡನ್ನು ದಪ್ಪ ಮಾಡಿ, ಅದಕ್ಕೆ ತಾವೇ ಗುಂಡು ಹಾರಿಸಿ, ಬಿದ್ದ ಗುಳಿಯನ್ನು ಹಾಗೇ ಬಿಟ್ಟು ಮಾರುತ್ತಿದ್ದರು. ಆ ಗುಳಿಯೇ ಗ್ಯಾರಂಟಿ ಕಾರ್ಡು.

1643ರ ಜುಲೈಯಲ್ಲಿ ಇಂಗ್ಲೆಂಡಿನ ಅಂತರ್ಯುದ್ಧದ ರೌಂಡ್‌ವೇ ಡೌನ್ ಕಾಳಗದಲ್ಲಿ ಆದದ್ದನ್ನ ಕೇಳಿ. ಸರ್ ಆರ್ಥರ್ ಹೇಸಲ್‌ರಿಗ್ ಪಾರ್ಲಿಮೆಂಟಿನ ಕಡೆಯ ಕವಚಧಾರಿ ಸವಾರರ ನಾಯಕ. ಆ ದಳಕ್ಕೆ ಜನ ಇಟ್ಟ ಅಡ್ಡಹೆಸರು 'ಲಾಬ್‌ಸ್ಟರ್', ಅಂದರೆ ಚಿಪ್ಪಿನ ಸಿಗಡಿ. ರಾಜನ ಕಡೆಯ ರಿಚರ್ಡ್ ಆಟ್ಕಿನ್ಸ್ ಅವನನ್ನು ಅಟ್ಟಿಸಿಕೊಂಡು ಹೋಗಿ, ಪಿಸ್ತೂಲಿನ ಬಾಯಿ ಶಿರಸ್ತ್ರಾಣಕ್ಕೆ ತಾಗುವಷ್ಟು ಹತ್ತಿರದಿಂದ ಗುಂಡು ಹಾರಿಸಿದ. ಹೇಸಲ್‌ರಿಗ್‌ಗೆ ಏನೂ ಆಗಲಿಲ್ಲ. ಕೊನೆಗೆ ಕುದುರೆಗೆ ಹೊಡೆದರು. ಅಷ್ಟರಲ್ಲಿ ಅವನ ಕಡೆಯವರು ಬಂದು ಬಿಡಿಸಿಕೊಂಡು ಹೋದರು. ಇದನ್ನು ಕೇಳಿದ ದೊರೆ ಒಂದನೇ ಚಾರ್ಲ್ಸ್, ಆ ಮನುಷ್ಯನೊಳಗೆ ಊಟದ ದಾಸ್ತಾನೂ ಇದ್ದಿದ್ದರೆ ಕೋಟೆಯ ಹಾಗೆ ಮುತ್ತಿಗೆಯನ್ನೇ ತಡೀತಿದ್ದ ಅನ್ನೋ ಅರ್ಥದಲ್ಲಿ ತಮಾಷೆ ಮಾಡಿದನಂತೆ. ಕವಚ ಕೆಲಸಕ್ಕೆ ಬಾರದ್ದು ಅನ್ನುವವರು ಈ ತಮಾಷೆಯನ್ನು ಇನ್ನೊಮ್ಮೆ ಓದಲಿ.

ಹಾಗಂತ ಅದು ಮಾಯಾಕವಚ ಅಂತ ನಾನೇನೂ ವಾದಿಸ್ತಿಲ್ಲ. 1559ರಲ್ಲಿ ಫ್ರಾನ್ಸಿನ ದೊರೆ ಎರಡನೇ ಹೆನ್ರಿ ಈಟಿ ಪಂದ್ಯದಲ್ಲಿ ಸತ್ತ. ಮುರಿದ ಈಟಿಯ ಚೂರು ಮುಖಗವಚದ ಸಂದಿನಲ್ಲಿ ನುಗ್ಗಿತ್ತು. ದಪ್ಪ ಮಾಡಿದಷ್ಟೂ ಭಾರ ಏರಿ, ಮೊದಲು ಕಾಲಿನ ತಗಡು, ಆಮೇಲೆ ತೋಳಿನ ತಗಡು ಕಳಚಿಬಿದ್ದು, ಕೊನೆಗೆ ಎದೆ, ಬೆನ್ನು, ತಲೆ ಮಾತ್ರ ಉಳಿದವು. ಅಲ್ಲಿಯವರೆಗಿನದು ತರ್ಕ. ಅಲ್ಲಿಂದ ಮುಂದಿನದು ಖರ್ಚಿನ ಲೆಕ್ಕ. ಕರ್ಣನ ಕವಚದ ಹಾಗೆ ಇದು ಹುಟ್ಟುತ್ತಲೇ ಮೈಗಂಟಿ ಬಂದದ್ದಲ್ಲ. ಯಾರೋ ದುಡ್ಡು ಕೊಟ್ಟು ಮಾಡಿಸಬೇಕು. ತನ್ನ ಮೈಗೆ ತಾನೇ ಕೊಳ್ಳುತ್ತಿದ್ದ ಸಾಮಂತ ಜಿಪುಣತನ ಮಾಡಲಿಲ್ಲ. 17ನೇ ಶತಮಾನ ಮುಗಿಯುವ ಹೊತ್ತಿಗೆ ಸೇನೆಗಳು ಲಕ್ಷದ ಲೆಕ್ಕದಲ್ಲಿ ಬೆಳೆದು, ಕೊಳ್ಳುವ ಕೆಲಸ ಸರ್ಕಾರದ್ದಾಯ್ತು. 16ನೇ ಶತಮಾನದಲ್ಲಿ ಉದ್ದ ಭರ್ಜಿ ಹಿಡಿದ ಕಾಲಾಳುವಿನ ತಲೆಯ ಮೇಲೂ ಉಕ್ಕಿತ್ತು. 1700ರ ಹೊತ್ತಿಗೆ ಅವನ ತಲೆಗೆ ಉಳಿದದ್ದು ಉಣ್ಣೆಯ ಟೋಪಿ.

ಉಕ್ಕು ಎಲ್ಲಿಗೆ ಹೋಯ್ತು? ಮೆರವಣಿಗೆಗೆ.

ನೆಪೋಲಿಯನ್ನನ ಕ್ಯುರಾಸಿಯರ್ ಸವಾರರಿಗೆ ಎದೆಗೂ ಬೆನ್ನಿಗೂ ತಗಡಿತ್ತು. ಅವರ ಎದುರಾಳಿ ಆಸ್ಟ್ರಿಯದ ಕ್ಯುರಾಸಿಯರ್‌ಗೆ ಎದೆಗೆ ಮಾತ್ರ. 1809ರ ಎಕ್‌ಮ್ಯೂಲ್ ಕದನದಲ್ಲಿ ಎರಡೂ ದಳ ಡಿಕ್ಕಿ ಹೊಡೆದು, ಆಸ್ಟ್ರಿಯದವರು ಹಿಂದಿರುಗಿದಾಗ ಬರಿಬೆನ್ನಿಗೆ ಕತ್ತಿ ಇಳಿದ ಬಗೆಯನ್ನು ಫ್ರೆಂಚ್ ಅಧಿಕಾರಿ ಮಾರ್ಬೊ ತನ್ನ ನೆನಪುಗಳಲ್ಲಿ ಬರೆದಿದ್ದಾನೆ. ಅರ್ಧ ಕವಚ ಕೊಡೋ ನಿರ್ಧಾರವನ್ನು ಕುದುರೆ ಮೇಲಿದ್ದವನು ಮಾಡಿರಲಿಲ್ಲ. ಇನ್ನು ಬ್ರಿಟನ್ನಿನ ಕಥೆ ಇನ್ನೂ ಚೆನ್ನಾಗಿದೆ. 1815ರಲ್ಲಿ ವಾಟರ್‌ಲೂನಲ್ಲಿ ಅವರ ಲೈಫ್ ಗಾರ್ಡ್ಸ್ ಸವಾರರು ಎದೆಗವಚ ಇಲ್ಲದೆ ಕ್ಯುರಾಸಿಯರ್‌ಗಳ ಮೇಲೆ ನುಗ್ಗಿದರು. ಎದೆಗವಚ ಸಿಕ್ಕಿದ್ದು 1821ರಲ್ಲಿ, ನಾಲ್ಕನೇ ಜಾರ್ಜ್‌ನ ಪಟ್ಟಾಭಿಷೇಕಕ್ಕೆ! ರಣರಂಗಕ್ಕೆ ಇಲ್ಲದ ಉಕ್ಕು ಮೆರವಣಿಗೆಗೆ ಬಂತು. ಲಂಡನ್ನಿನಲ್ಲಿ ಇವತ್ತೂ ಪ್ರವಾಸಿಗರು ಫೋಟೋ ತೆಗೆಯೋದು ಅದನ್ನೇ.

ಪ್ಯಾರಿಸ್ಸಿನ ಸೇನಾ ಮ್ಯೂಸಿಯಮ್ಮಿನಲ್ಲಿ ವಾಟರ್‌ಲೂನ ಇನ್ನೊಂದು ಕವಚ ಇದೆ. ಫ್ರಾನ್ಸ್ವಾ ಆಂಟ್ವಾನ್ ಫೋವೋ ಅನ್ನೋ ಯುವ ಕ್ಯಾರಬಿನಿಯರ್‌ನದು. ಫಿರಂಗಿ ಗುಂಡು ಎದೆಯ ತಗಡನ್ನು ಹೊಕ್ಕು ಬೆನ್ನಿನ ತಗಡಿನಿಂದ ಹೊರಬಿದ್ದ ತೂತು, ಕೈ ತೂರಿಸಬಹುದಾದಷ್ಟು ದೊಡ್ಡದು. 'ನೋಡಿ, ಕವಚ ಎಷ್ಟು ವ್ಯರ್ಥ' ಅನ್ನೋಕೆ ಎಲ್ಲರೂ ತೋರಿಸೋದು ಇದನ್ನೇ. ಫಿರಂಗಿ ಗುಂಡು ತಡೆಯುತ್ತೆ ಅಂತ ಆ ತಗಡನ್ನು ಯಾರೂ ಮಾಡಿರಲಿಲ್ಲ. ಅದು ಕತ್ತಿಗೆ, ಪಿಸ್ತೂಲಿಗೆ, ದೂರದ ಗುಂಡಿಗೆ. ಸೀಟ್ ಬೆಲ್ಟ್ ಹಾಕಿದ್ದವನ ಕಾರಿಗೆ ರೈಲು ಗುದ್ದಿತು ಅಂತ ಸೀಟ್ ಬೆಲ್ಟ್ ಕಿತ್ತು ಬಿಸಾಡ್ತೀರಾ?

ಫ್ರಾನ್ಸ್ ಅದಕ್ಕಿಂತ ವಿಚಿತ್ರವಾದದ್ದನ್ನು ಮಾಡಿತು. 1870ರ ಆಗಸ್ಟ್ 6ರಂದು ಮೋರ್ಸ್‌ಬ್ರಾನ್ ಹಳ್ಳಿಯ ಬೀದಿಯಲ್ಲಿ ಅದರ ಕ್ಯುರಾಸಿಯರ್‌ಗಳು ಪ್ರಷ್ಯನ್ ರೈಫಲ್ಲುಗಳಿಗೆ ಸಿಕ್ಕಿ ನುಚ್ಚುನೂರಾದರು. ಇದರಿಂದ ಕಲಿಯಬೇಕಾದ ಪಾಠ ಎರಡು: ರೈಫಲ್ಲಿನ ಎದುರು ಕುದುರೆ ಓಡಿಸಬೇಡಿ, ಉಕ್ಕನ್ನು ಅದು ನಿಜವಾಗಿ ಕೆಲಸ ಮಾಡುವ ಕಡೆ ಇಡಿ. ಕಲಿತದ್ದು ಸೊನ್ನೆ. 44 ವರ್ಷ ಆದಮೇಲೆ, 1914ರ ಆಗಸ್ಟಿನಲ್ಲಿ, 12 ಕ್ಯುರಾಸಿಯರ್ ದಳಗಳು ಅದೇ ಎದೆಗವಚ, ಅದೇ ಉಕ್ಕಿನ ಶಿರಸ್ತ್ರಾಣ, ಅದರ ಮೇಲೆ ಹಿತ್ತಾಳೆಯ ಜುಟ್ಟು, ಕುದುರೆ ಕೂದಲಿನ ಬಾಲ ಇಟ್ಟುಕೊಂಡು ಹೊರಟವು. ಹೊಳಪು ಶತ್ರುವಿಗೆ ಕಾಣಬಾರದು ಅಂತ ಮೇಲೆ ಬಟ್ಟೆ ಹೊದಿಸಿದರು. ಅದೇ ಹೊತ್ತಿಗೆ ಶೆಲ್ಲುಗಳ ಮಳೆಗೆ ನಡೆದು ಹೋಗುತ್ತಿದ್ದ ಕಾಲಾಳುವಿನ ಮೈಮೇಲೆ ಕೆಂಪು ಪ್ಯಾಂಟು, ತಲೆ ಮೇಲೆ 'ಕೆಪಿ' ಅನ್ನೋ ಬಟ್ಟೆಯ ಟೋಪಿ. ಆಗಸ್ಟ್ 22ರ ಒಂದೇ ದಿನ ಸುಮಾರು 27,000 ಫ್ರೆಂಚ್ ಸೈನಿಕರು ಸತ್ತರು. ಜರ್ಮನ್ನರ ಮೊನೆಟೋಪಿ ಕೂಡ ಹದಮಾಡಿದ ಚರ್ಮದ್ದೇ.

ಇಲ್ಲಿಗೆ ಬಂದಾಗ ನನಗೆ ಸಿಟ್ಟು ಬರುತ್ತೆ. ಉಕ್ಕಿನ ಟೋಪಿ ಮಾಡೋ ವಿದ್ಯೆ ಯೂರೋಪಿಗೆ ಹೊಸದಲ್ಲ, ನೂರಾರು ವರ್ಷದ್ದು. ಕಾರ್ಖಾನೆ ಇತ್ತು, ಉಕ್ಕಿತ್ತು, ಮ್ಯೂಸಿಯಮ್ಮಿನ ತುಂಬಾ ಮಾದರಿಗಳಿದ್ದವು. ಇರದಿದ್ದದ್ದು ಒಂದೇ: ಸಾಮಾನ್ಯ ಕಾಲಾಳುವಿನ ತಲೆಗೂ ಅಷ್ಟು ಬೆಲೆ ಇದೆ ಅನ್ನೋ ಯೋಚನೆ. 1915ರ ಆರಂಭದಲ್ಲಿ ಫ್ರೆಂಚ್ ಸೇನೆಯ ಅಧಿಕಾರಿ ಆಗಸ್ಟ್ ಲೂಯಿ ಆಡ್ರಿಯನ್ ಕೆಪಿಯ ಕೆಳಗೆ ಹಾಕಿಕೊಳ್ಳೋಕೆ ಉಕ್ಕಿನ ಬಟ್ಟಲು ಹಂಚಿಸಿದ. ಅದಕ್ಕಿದ್ದ ಹೆಸರು 'ಸರ್ವೆಲಿಯೆರ್', ಮಧ್ಯಯುಗದ ಸವಾರರು ಇಂಥದ್ದೇ ತಲೆಬಟ್ಟಲಿಗೆ ಇಟ್ಟ ಹೆಸರೇ! ಅದೇ ವರ್ಷ ಅವನ ಹೆಲ್ಮೆಟ್ಟು ಬಂತು, ತೂಕ ಮುಕ್ಕಾಲು ಕೆಜಿಯ ಹತ್ತಿರ. ಬ್ರಿಟಿಷರ ಬ್ರೋಡಿ ಹೆಲ್ಮೆಟ್ಟೂ ಅದೇ ವರ್ಷದ್ದು. ನೋಡೋಕೆ ಥೇಟ್ ಮಧ್ಯಯುಗದ ಅಗಲ ಅಂಚಿನ ಕಬ್ಬಿಣದ ಟೋಪಿ. ಅಮೆರಿಕ ಯುದ್ಧಕ್ಕೆ ಇಳಿದಾಗ ಹೆಲ್ಮೆಟ್ಟಿನ ವಿನ್ಯಾಸಕ್ಕೆ ಕರೆದದ್ದು ಯಾರನ್ನ ಗೊತ್ತಾ? ನ್ಯೂಯಾರ್ಕಿನ ಮೆಟ್ರೊಪಾಲಿಟನ್ ಮ್ಯೂಸಿಯಮ್ಮಿನಲ್ಲಿ ಹಳೇ ಕವಚಗಳನ್ನು ನೋಡಿಕೊಳ್ಳುತ್ತಿದ್ದ ಬ್ಯಾಶ್‌ಫರ್ಡ್ ಡೀನ್‌ನನ್ನು. ಮ್ಯೂಸಿಯಮ್ಮಿನ ಕವಚದ ಕಾರ್ಯಾಗಾರದಲ್ಲೇ ಮಾದರಿಗಳನ್ನು ಬಡಿದರು. ನಾವು ನಕ್ಕು ಫೋಟೋ ತೆಗೆಯೋ ಆ ಗಾಜಿನ ಪೆಟ್ಟಿಗೆಗಳಲ್ಲೇ ಉತ್ತರ ಇತ್ತು.

'ಹೆಲ್ಮೆಟ್ಟು ರೈಫಲ್ ಗುಂಡನ್ನ ತಡೀತಿತ್ತಾ?' ನೇರ ಬಡಿದರೆ ಇಲ್ಲ. ಆದರೆ ಕಂದಕದಲ್ಲಿ ಕೂತವನ ತಲೆಗೆ ಮೇಲಿನಿಂದ ಸುರಿಯುತ್ತಿದ್ದದ್ದು ಶೆಲ್ಲಿನ ಚೂರು. ಅದಕ್ಕೆ ಸಾಕಾಗುತ್ತಿತ್ತು.

'ಧೈರ್ಯ ಇದ್ರೆ ಕವಚ ಯಾಕೆ? ನಮ್ಮ ಮೈಸೂರು ಲಾನ್ಸರ್ಸ್ ಹೈಫಾ ಗೆಲ್ಲಲಿಲ್ವಾ?' ಅನ್ನೋರೂ ಇದ್ದಾರೆ. ಗೆದ್ದರು. 1918ರ ಸೆಪ್ಟೆಂಬರ್ 23ರಂದು, ಜೋಧಪುರದವರ ಜೊತೆ, ಈಟಿ ಹಿಡಿದು, ಎದೆಗೆ ತಗಡಿಲ್ಲದೆ. ಬೆಂಗಳೂರಿನ ಜೆ.ಸಿ. ನಗರದಲ್ಲಿ ಅವರ ಸ್ಮಾರಕ ಇದೆ, ಹೋಗಿ ನೋಡಿ, ಕೈ ಮುಗೀರಿ. ಆ ಧೈರ್ಯ ಅವರದ್ದು. ಅದನ್ನು ತಂದು ಉಕ್ಕು ಕೊಡದ ಮೇಲಿನವರ ಪರವಾಗಿ ಸಾಕ್ಷಿ ಹೇಳಿಸಬೇಡಿ. ಸೈನಿಕ ಧೈರ್ಯವಂತ ಅನ್ನೋದು ಅವನ ತಲೆಯನ್ನು ಬರಿದಾಗಿ ಬಿಡೋಕೆ ಕಾರಣ ಆಗಲಾರದು.

ಈ ಐನೂರು ವರ್ಷದ ಕಥೆಯಲ್ಲಿ ಮೂರ್ಖರು ಇದ್ದರು, ಇಲ್ಲ ಅನ್ನಲ್ಲ. ಆದರೆ 25 ಕೆಜಿ ಉಕ್ಕು ತೊಟ್ಟು ಬದುಕಿ ಬಂದವನು ಮೂರ್ಖನಲ್ಲ. ಉಕ್ಕನ್ನು ಉಜ್ಜಿ ಹೊಳಪು ಮಾಡಿ ಪೆರೇಡಿಗೆ ಇಟ್ಟು, ಬಟ್ಟೆ ಟೋಪಿಯ ಹುಡುಗರನ್ನು ಶೆಲ್ಲಿನ ಕೆಳಗೆ ಕಳಿಸಿದವರು ಮೂರ್ಖರು. ನಗೋದಿದ್ರೆ ಅವರನ್ನ ನೋಡಿ ನಗಿ. ಮತ್ತೆ ಯಾವುದೇ ಹೊಳೆಯುವ ಶಿರಸ್ತ್ರಾಣ ಕಂಡಾಗ, ಅದನ್ನು ಹಾಕಿಕೊಂಡವನು ಯಾರು ಅಂತ ಕೇಳಿದ ಮೇಲೆ, ಅದು ಸಿಗದೇ ಹೋದವರು ಎಷ್ಟು ಜನ ಅಂತಲೂ ಕೇಳಿ.