ಅಡ್ಡಗೀಟಿನ ಮಂತ್ರ ಮತ್ತು ಮಿಶ್ರಣದ ಲೆಕ್ಕ



ಮಿಶ್ರಣದ ಲೆಕ್ಕಗಳಿಗೆ ಈಗ ಒಂದು ಮಂತ್ರ ದೊರೆತಿದೆ. ಎರಡು ಬೆಲೆಗಳನ್ನು ಎಡಬಲಕ್ಕೆ ಬರೆದು, ನಡುವೆ ಮಿಶ್ರಣದ ಬೆಲೆಯನ್ನಿಟ್ಟು, ಅಡ್ಡಗೀಟೆಳೆದು ಕಳೆದರಾಯಿತು. ಉತ್ತರ ತಾನಾಗಿ ಉದುರುತ್ತದೆ. ಸ್ಪರ್ಧಾತ್ಮಕ ಪರೀಕ್ಷೆಗಳ ತರಬೇತಿಯಲ್ಲಿ ಮೆರೆಯುವ ಈ ಉಪಾಯ ಪ್ರೌಢಶಾಲೆಯ ಮಕ್ಕಳ ಟಿಪ್ಪಣಿ ಪುಸ್ತಕಕ್ಕೂ ಇಳಿದಿದೆ. ಕಾರಣವನ್ನು ತಿಳಿಸದೆ ಇದನ್ನು ಮಕ್ಕಳ ಕೈಗೆ ಕೊಡುವುದು ಕಲಿಸುವಿಕೆಯಲ್ಲ, ವಂಚನೆ ಎಂಬುದು ನನ್ನ ಸ್ಪಷ್ಟ ಅಭಿಪ್ರಾಯ.

ಕಿಲೋಗೆ 600 ರೂಪಾಯಿಯ ಕಾಫಿ ಪುಡಿಗೆ 200 ರೂಪಾಯಿಯ ಚಿಕೋರಿ ಬೆರೆಸಿ, 500 ರೂಪಾಯಿ ಬೆಲೆಯ ಪುಡಿ ಮಾಡಬೇಕು ಎನ್ನೋಣ. ಅಡ್ಡಗೀಟು 300:100, ಅಂದರೆ 3:1 ಎನ್ನುತ್ತದೆ. ಉತ್ತರ ಸರಿಯೇ. ಆದರೆ ಏಕೆ? ಒಂದು ಕಿಲೋ ಮಿಶ್ರಣದಲ್ಲಿ ಕಾಫಿ ‘ಕ್ಷ’ ಕಿಲೋ ಇದ್ದರೆ, 600ಕ್ಷ + 200(1 − ಕ್ಷ) = 500. ಆದ್ದರಿಂದ 400ಕ್ಷ = 300, ಕ್ಷ = 3/4. ಪ್ರತಿ ಕಿಲೋ ಕಾಫಿಯಿಂದ 100 ರೂಪಾಯಿ ನಷ್ಟ, ಪ್ರತಿ ಕಿಲೋ ಚಿಕೋರಿಯಿಂದ 300 ರೂಪಾಯಿ ಲಾಭ. ಎರಡೂ ಸರಿದೂಗಬೇಕಾದರೆ ಮೂರಕ್ಕೆ ಒಂದು ಬೇಕು. ಅಡ್ಡಗೀಟು ಈ ಸಮೀಕರಣದ ನೆರಳು ಮಾತ್ರ. ನೆರಳನ್ನೇ ಮರವೆಂದು ನಂಬಿದವನು ಹಣ್ಣನ್ನು ಕಾಣಲಾರ.

ನಂಬಿಕೆಟ್ಟ ಕಡೆ ನೋಡಿ. ಹಾಲು ನೀರುಗಳು 3:1 ಮತ್ತು 5:3 ಅನುಪಾತದಲ್ಲಿರುವ ಎರಡು ಮಿಶ್ರಣಗಳನ್ನು ಸಮಪ್ರಮಾಣದಲ್ಲಿ ಬೆರೆಸಿದರೆ ಹೊಸ ಅನುಪಾತವೇನು? ಸೂತ್ರಕ್ಕೆ ಒಗ್ಗಿದ ಹುಡುಗ ಕೂಡಿಸಿ 8:4 ಎನ್ನುತ್ತಾನೆ. ಅದು ತಪ್ಪು. ಹಾಲಿನ ಪಾಲು 3/4 + 5/8 = 11/8, ನೀರಿನ ಪಾಲು 1/4 + 3/8 = 5/8; ಸರಿಯುತ್ತರ 11:5. ಮೊದಲನೆಯದು 4 ಲೀಟರ್, ಎರಡನೆಯದು 8 ಲೀಟರ್ ಆಗಿದ್ದರೆ ಮಾತ್ರ 8:4 ಸರಿಯಾಗುತ್ತಿತ್ತು. ಅನುಪಾತಕ್ಕೆ ತನ್ನದೇ ತೂಕವಿಲ್ಲ. ಪ್ರಮಾಣ ತಿಳಿಯದೆ ಅದನ್ನು ಕೂಡಿಸಲಾಗದು. ಈ ಒಂದು ಸತ್ಯವನ್ನು ಯಾವ ಅಡ್ಡಗೀಟೂ ಕಲಿಸುವುದಿಲ್ಲ.

‘ಪರೀಕ್ಷೆಯಲ್ಲಿ ಒಂದು ಪ್ರಶ್ನೆಗೆ ಒಂದೇ ನಿಮಿಷ, ಮೇಷ್ಟ್ರೇ’ ಎಂಬ ವಾದವನ್ನು ಬಲ್ಲೆ. ವೇಗವನ್ನು ನಾನು ಹಳಿಯುವುದಿಲ್ಲ. ಆದರೆ ಅರಿತವನ ವೇಗ ಬೇರೆ, ಉರುಹೊಡೆದವನ ವೇಗ ಬೇರೆ. ಹಾಲು ನೀರು 7:1 ಇರುವ 40 ಲೀಟರಿಗೆ ಎಷ್ಟು ನೀರು ಸೇರಿಸಿದರೆ 5:2 ಆಗುತ್ತದೆ? ನೀರು ಎಷ್ಟೇ ಸುರಿದರೂ ಹಾಲು 35 ಲೀಟರೇ. ಐದು ಪಾಲು 35 ಆದರೆ ಎರಡು ಪಾಲು 14. ನೀರು ಮೊದಲೇ 5 ಇದೆ, ಸೇರಿಸಬೇಕಾದದ್ದು 9. ಬದಲಾಗದ್ದನ್ನು ಹಿಡಿದವನಿಗೆ ಅರ್ಧ ನಿಮಿಷ ಸಾಕು.

ಇದು ಹೊರಗಿನಿಂದ ಬಂದ ವಿದ್ಯೆಯೂ ಅಲ್ಲ. ಒಂಬತ್ತನೆಯ ಶತಮಾನದಲ್ಲಿ, ರಾಷ್ಟ್ರಕೂಟ ಅಮೋಘವರ್ಷ ನೃಪತುಂಗನ ಕಾಲದಲ್ಲಿ, ಮಹಾವೀರಾಚಾರ್ಯ ತನ್ನ ‘ಗಣಿತಸಾರಸಂಗ್ರಹ’ದಲ್ಲಿ ಮಿಶ್ರಕ ವ್ಯವಹಾರಕ್ಕೆ ಒಂದು ಅಧ್ಯಾಯವನ್ನೇ ಮೀಸಲಿಟ್ಟ, ಅದರಲ್ಲಿ ಚಿನ್ನದ ಮಿಶ್ರಣದ ಲೆಕ್ಕಗಳಿವೆ. ಹನ್ನೆರಡನೆಯ ಶತಮಾನದ ರಾಜಾದಿತ್ಯ ‘ವ್ಯವಹಾರಗಣಿತ’ವನ್ನು ಕನ್ನಡದಲ್ಲೇ ಬರೆದ. ಚಿನ್ನದ ಲೆಕ್ಕದ ತಿರುಳು ಇಷ್ಟು: ಪ್ರತಿಯೊಂದರ ತೂಕವನ್ನು ಅದರ ಶುದ್ಧತೆಯಿಂದ ಗುಣಿಸಿ ಕೂಡಿಸಿ, ಒಟ್ಟು ತೂಕದಿಂದ ಭಾಗಿಸುವುದು. 22 ಕ್ಯಾರಟ್‌ನ 6 ಗ್ರಾಂ, 18 ಕ್ಯಾರಟ್‌ನ 2 ಗ್ರಾಂ ಕರಗಿಸಿದರೆ 132 + 36 = 168; ಅದನ್ನು 8ರಿಂದ ಭಾಗಿಸಿದರೆ 21 ಕ್ಯಾರಟ್. ಹಳೆಯ ಒಡವೆ ಕರಗಿಸಲು ಕೊಡುವ ಪ್ರತಿ ಗೃಹಿಣಿಗೂ ಬೇಕಾದ ಅರಿವಿದು. ಇದಿಲ್ಲದವರು ಅಂಗಡಿಯವನು ಹೇಳಿದ್ದಕ್ಕೆ ತಲೆಯಾಡಿಸಿ ಬರಬೇಕಾಗುತ್ತದೆ.

ನಿಮ್ಮಲ್ಲಿ ಹಲವರು ಈಗ ತಂದೆತಾಯಿಗಳು. ಕೆಲವರು ಶಿಕ್ಷಕರೂ ಆಗಿದ್ದೀರಿ. ಮಗು ಅಡ್ಡಗೀಟೆಳೆದು ಉತ್ತರ ತೋರಿಸಿದಾಗ ಶಹಭಾಸ್ ಎನ್ನುವ ಮುನ್ನ ಮೂರು ಪ್ರಶ್ನೆ ಕೇಳಿ: ಏನು ಬದಲಾಯಿತು? ಏನು ಬದಲಾಗಲಿಲ್ಲ? ಯಾವುದನ್ನು ಕೂಡಿಸಬಹುದು? ಉತ್ತರ ಬಂದರೆ ಅಡ್ಡಗೀಟನ್ನು ಧಾರಾಳವಾಗಿ ಬಳಸಲಿ. ಬಾರದಿದ್ದರೆ ಪುಸ್ತಕ ಮುಚ್ಚಿಸಿ, ಎರಡು ಲೋಟ ಹಾಲು, ಒಂದು ಲೋಟ ನೀರು ತಂದು ಎದುರಿಗಿಟ್ಟು ಕುಳಿತುಕೊಳ್ಳಿ.