ಚೆಂಡಿನ ಕಣ್ಣು, ಕಾಯುವ ಕಣ್ಣು
ಈ ವಾರ ‘ಚಾಲೆಂಜರ್ಸ್’ ನೋಡಿದ ಮರುದಿನವೇ ‘ಕಾಲ್ ಮಿ ಬೈ ಯುವರ್ ನೇಮ್’ ಚಿತ್ರವನ್ನು ಮತ್ತೆ ನೋಡಿದೆ. ಎರಡಕ್ಕೂ ನಿರ್ದೇಶಕ ಇಟಲಿಯ ಲುಕಾ ಗ್ವಾದನ್ಯೀನೊ, ಛಾಯಾಗ್ರಾಹಕ ಥಾಯ್ಲೆಂಡಿನ ಸಯೊಂಭು ಮುಕ್ದೀಪ್ರೊಮ್. ಆದರೂ ಎರಡೂ ಒಂದೇ ಕೈಯ ಕೆಲಸವೆಂದು ನಂಬುವುದು ಕಷ್ಟ. 2024ರ ಚಿತ್ರದಲ್ಲಿ ಕ್ಯಾಮೆರಾ ತಾನೇ ಟೆನಿಸ್ ಚೆಂಡಾಗಿ ನೆಟ್ಟಿನ ಆಚೀಚೆ ಹಾರುತ್ತದೆ. 2017ರದ್ದನ್ನು ಇಡಿಯಾಗಿ ಒಂದೇ 35 ಎಂಎಂ ಲೆನ್ಸಿನಲ್ಲಿ, ಯಾವ ಅವಸರವೂ ಇಲ್ಲದೆ ಚಿತ್ರಿಸಲಾಗಿದೆ. ಚಿತ್ರೀಕರಣದ ಆ ದಿನಗಳಲ್ಲಿ ಇಟಲಿಯ ಕ್ರೇಮಾ ಪಟ್ಟಣದ ಸುತ್ತ ಬಿಡದೆ ಮಳೆ. ನಾವು ಮೈಮರೆತು ನೋಡಿದ ಆ ಬೇಸಿಗೆಯ ಬಿಸಿಲಿನಲ್ಲಿ ಎಷ್ಟೋ ಪಾಲು ಸಯೊಂಭು ದೀಪ ಹಚ್ಚಿ ಹುಟ್ಟಿಸಿದ್ದು. ಛಾಯಾಗ್ರಾಹಕನಿಗೆ ಎದ್ದು ಕಾಣುವ ಗುರುತೊಂದು ಬೇಕು ಎನ್ನುವವರ ಮಾತನ್ನು ನಾನು ಒಪ್ಪಲಾರೆ. ಸಯೊಂಭು ಹೊತ್ತು ತರುವುದು ಗುರುತನ್ನಲ್ಲ, ತಾಳ್ಮೆಯನ್ನು. ಅದನ್ನು ಅವರು ರೂಢಿಸಿಕೊಂಡದ್ದು ಥಾಯ್ ನಿರ್ದೇಶಕ ಅಪಿಚಾತ್‌ಪಾಂಗ್ ವೀರಸೇತಕುಲ್ ಅವರ ಚಿತ್ರಗಳಲ್ಲಿ ಎಂದು ನನ್ನ ನಂಬಿಕೆ. 2010ರಲ್ಲಿ ಕಾನ್ ಚಿತ್ರೋತ್ಸವದ ಪಾಮ್ ದೋರ್ ಪ್ರಶಸ್ತಿ ಗೆದ್ದ ಆ ನಿರ್ದೇಶಕರ ‘ಅಂಕಲ್ ಬೂನ್ಮೀ’ಯಲ್ಲಿ (ಅಲ್ಲಿ ಬೇರೆ ಛಾಯಾಗ್ರಾಹಕರೂ ಜೊತೆಗಿದ್ದರು) ಬೂನ್ಮೀಯ ಸತ್ತ ಹೆಂಡತಿ ರಾತ್ರಿಯೂಟದ ಮೇಜಿನ ಬಳಿ ಮೆಲ್ಲನೆ ಮೂಡುತ್ತಾಳೆ. ಕ್ಯಾಮೆರಾ ಬೆಚ್ಚುವುದಿಲ್ಲ, ಮುಖದತ್ತ ನುಗ್ಗುವುದಿಲ್ಲ. ಮನೆಗೆ ಬಂದ ನೆಂಟರಿಗೆ ಜಾಗ ಬಿಡುವಂತೆ ಸುಮ್ಮನಿರುತ್ತದೆ. ಹೀಗೆ ಕಾಯಬಲ್ಲವನಿಗೆ ಮಾತ್ರ ಚೆಂಡಿನ ವೇಗ ಯಾವಾಗ ಬೇಕೆಂದು ತಿಳಿಯುತ್ತದೆ. ‘ಚಾಲೆಂಜರ್ಸ್’ ಮೆಚ್ಚಿದವರು ದಯವಿಟ್ಟು ‘ಬೂನ್ಮೀ’ಯನ್ನೂ ನೋಡಿ, ಮೊಬೈಲಿನಲ್ಲಲ್ಲ, ಕೋಣೆಯ ದೀಪವಾರಿಸಿ ದೊಡ್ಡ ಪರದೆಯಲ್ಲಿ.