ಶುನಕ, ಸಿನಿಕ ಮತ್ತು ಮೋರಿಯ ಹೂಳು

ನಮ್ಮ ಬಡಾವಣೆಯ ಕುಂದುಕೊರತೆ ಸಭೆಗೆ ನಾನು ಹೋಗುವುದು ಕಾಫಿಯ ಆಸೆಗೆ ಎಂದು ಮನೆಯಲ್ಲಿ ಆರೋಪವಿದೆ. ಇರಲಿ. ಹೋದ ಸಭೆಯಲ್ಲಿ ಗಣಿತದ ಟೀಚರಾಗಿದ್ದು ನಿವೃತ್ತರಾದ ಒಬ್ಬರು ಎದ್ದು ನಿಂತು ಕೇಳಿದ್ದು ಒಂದೇ ಪ್ರಶ್ನೆ: "ದೊಡ್ಡ ಮೋರಿ ಹೂಳು ತೆಗೆಸಿದ್ದೀವಿ ಅಂತ ಎರಡು ಸಲ ಬಿಲ್ ಆಗಿದೆ. ತೆಗೆದ ಹೂಳನ್ನ ಎಲ್ಲಿ ಹಾಕಿಸಿದ್ರಿ ಸಾರ್?" ಎದುರಿಗಿದ್ದ ಅಧಿಕಾರಿ ಕೋಪಿಸಿಕೊಳ್ಳಲಿಲ್ಲ. ನಕ್ಕರು. "ಮೇಡಂ, ಎಲ್ಲದಕ್ಕೂ ಹೀಗೆ ಸಿನಿಕಲ್ ಆದ್ರೆ ಹೇಗೆ? ಸ್ವಲ್ಪ ಪಾಸಿಟಿವ್ ಆಗಿ ನೋಡಿ" ಎಂದರು. ಎಲ್ಲರೂ ನಕ್ಕರು. ಸಭೆ ಮುಂದಿನ ವಿಷಯಕ್ಕೆ ಹೋಯಿತು: ಬೀದಿನಾಯಿಗಳ ಹಾವಳಿ.

ಆ ‘ಸಿನಿಕಲ್’ ಪದಕ್ಕೂ ಈ ಹಾವಳಿಗೂ ಎರಡು ಸಾವಿರದ ಮುನ್ನೂರು ವರ್ಷಕ್ಕೂ ಹಳೆಯ ನಂಟಿದೆ ಎಂದು ಅಲ್ಲೇ ಎದ್ದು ಹೇಳಬೇಕೆನಿಸಿತು. ಹೇಳದೆ ಉಳಿದದ್ದನ್ನು ಅಂಕಣದಲ್ಲಿ ತೀರಿಸಿಕೊಳ್ಳುವುದು ನನ್ನ ಹಳೆಯ ಚಾಳಿ. ‘ನೈಸ್’ ಎಂಬ ಪದದ ಮೂಲ ಲ್ಯಾಟಿನ್‌ನಲ್ಲಿ ‘ಏನೂ ತಿಳಿಯದವನು’ ಎಂದು ಬರೆದಾಗ ಬಂದ ಪತ್ರಗಳು ಇನ್ನೂ ಮೇಜಿನ ಮೇಲಿವೆ. ಈ ಸಲದ್ದಕ್ಕೂ ಜಾಗ ಮಾಡಿಕೊಳ್ಳುತ್ತೇನೆ.

ಮೊದಲು ಕನ್ನಡದ ಪ್ರಶ್ನೆ. ‘ಸಿನಿಕಲ್’ ಎನ್ನುವುದಕ್ಕೆ ನಮ್ಮಲ್ಲಿ ಏನಿದೆ? ‘ನಿರಾಶಾವಾದಿ’ ಎಂದು ಬರೆದು ಕೈ ತೊಳೆದುಕೊಳ್ಳುವವರಿದ್ದಾರೆ. ಅದು ಸರಿಯಲ್ಲ. ನಾಳೆ ಮಳೆ ಬರುವುದಿಲ್ಲ ಎನ್ನುವವನು ನಿರಾಶಾವಾದಿ. ಮಳೆಗಾಗಿ ಪೂಜೆ ಮಾಡಿಸುವವನ ಕಣ್ಣು ತಟ್ಟೆಕಾಸಿನ ಮೇಲಿದೆ ಎನ್ನುವವನು ಸಿನಿಕ. ‘ಸಂದೇಹವಾದಿ’ಯೂ ಅಲ್ಲ, ಅವನು ಪುರಾವೆ ಕೇಳುತ್ತಾನೆ, ಸಿನಿಕನಿಗೆ ಪುರಾವೆ ಬೇಕಿಲ್ಲ, ಅವನಿಗೆ ಮೊದಲೇ ಗೊತ್ತು. ‘ಕುಹಕಿ’ಯಲ್ಲಿ ನಂಜಿದೆ, ಸಿನಿಕನಲ್ಲಿ ಅದು ಇರಲೇಬೇಕೆಂದಿಲ್ಲ. ಅಮರಕೋಶದಲ್ಲಿ ದೋಷವನ್ನೇ ಕಾಣುವವನಿಗೆ ‘ಪುರೋಭಾಗಿ’ ಎಂಬ ಸೊಗಸಾದ ಹೆಸರಿದೆ. ಬಿಡಿಸಿದರೆ, ಎಲ್ಲರಿಗಿಂತ ಮುಂಚೆ ತನ್ನ ಪಾಲು ತೆಗೆದುಕೊಳ್ಳುವವನು. ಬಡಿಸುವ ಮೊದಲೇ ಎಲೆಗೆ ಕೈ ಹಾಕುವವನಂತೆ ತಪ್ಪಿಗೆ ಕೈ ಹಾಕುವವನು ಎಂದು ನಾನು ಅರ್ಥಮಾಡಿಕೊಂಡಿದ್ದೇನೆ. ಆದರೆ ಕುಂದುಕೊರತೆ ಸಭೆಯಲ್ಲಿ ಯಾರನ್ನಾದರೂ ಪುರೋಭಾಗಿ ಎಂದರೆ ಅವರು ಕೃತಜ್ಞತೆಯಿಂದ ಕೈಮುಗಿದಾರು.

ಹೀಗಾಗಿ ಕನ್ನಡ ಜಾಣತನ ಮಾಡಿತು. ಪದವನ್ನೇ ಇಟ್ಟುಕೊಂಡು ಲ್ ಕಿತ್ತುಹಾಕಿತು. ‘ಸಿನಿಕ’ ಆಯಿತು, ರಸಿಕ, ಧನಿಕ, ಸೈನಿಕರ ಸಾಲಿನಲ್ಲಿ ಗುರುತೇ ಸಿಗದಂತೆ ಕುಳಿತುಬಿಟ್ಟಿತು. ಅದರ ಹಿಂದೆಯೇ ಸಿನಿಕತನ ಬಂತು, ಸಿನಿಕತೆ ಬಂತು. ಇಂದು ಪುಸ್ತಕ ವಿಮರ್ಶೆ ಓದುವ ಯಾರಿಗೂ ಇದು ಪರಕೀಯ ಎನಿಸುವುದಿಲ್ಲ.

ಎನಿಸಬೇಕಾಗಿಯೂ ಇಲ್ಲ. ಗ್ರೀಕಿನಲ್ಲಿ ನಾಯಿಗೆ ‘ಕುಓನ್’, ನಾಯಿಯ ಎನ್ನಲು ‘ಕುನೋಸ್’. ನಾಯಿಯಂಥ ಎಂದರೆ ‘ಕುನಿಕೋಸ್’. ಅದೇ ಸಿನಿಕ. ಸಂಸ್ಕೃತದ ‘ಶ್ವನ್’ ಶಬ್ದದ ಷಷ್ಠೀ ರೂಪ ನೆನಪಿಸಿಕೊಳ್ಳಿ: ‘ಶುನಃ’. ಕುನೋಸ್, ಶುನಃ ಎರಡೂ ಒಂದೇ ತಾಯಿಯ ಮರಿಗಳು. ಇಂಗ್ಲಿಷಿನ ‘ಹೌಂಡ್’, ಲ್ಯಾಟಿನ್‌ನ ‘ಕಾನಿಸ್’ ಅದೇ ಈಡಿನವು. ನಮ್ಮ ‘ನಾಯಿ’ ಮಾತ್ರ ಬೇರೆ ಮನೆಯದು, ದ್ರಾವಿಡದ್ದು. ಆದ್ದರಿಂದ ಸಿನಿಕ ಮತ್ತು ಶುನಕ ಕಿವಿಗೆ ಹತ್ತಿರ ಕೇಳುವುದು ಬರಿಯ ಪ್ರಾಸವಲ್ಲ, ರಕ್ತಸಂಬಂಧ. ಐತರೇಯ ಬ್ರಾಹ್ಮಣದ ಅಜೀಗರ್ತನಿಗೆ ಮೂವರು ಮಕ್ಕಳು: ಶುನಃಪುಚ್ಛ, ಶುನಃಶೇಪ, ಶುನೋಲಾಂಗೂಲ. ಮೂರಕ್ಕೂ ಹೆಚ್ಚುಕಡಿಮೆ ನಾಯಿಬಾಲ ಎಂದೇ ಅರ್ಥ. ಗ್ರೀಕರು ಧ್ರುವನಕ್ಷತ್ರವಿರುವ ತಾರಾಪುಂಜಕ್ಕೆ ‘ಕುನೊಸೂರ’ ಎಂದರು, ಅದೂ ನಾಯಿಬಾಲವೇ. ನಾವಿಕರೆಲ್ಲ ಅದನ್ನೇ ನೋಡುತ್ತಿದ್ದುದರಿಂದ ಇಂಗ್ಲಿಷಿನಲ್ಲಿ ‘ಸೈನೋಶುರ್’ ಎಂದರೆ ಎಲ್ಲರ ಕಣ್ಮಣಿ ಎಂದಾಯಿತು. ಒಂದೇ ನಾಯಿ, ಬಾಲಕ್ಕೆ ಮರ್ಯಾದೆ, ಬಾಯಿಗೆ ಬೈಗುಳ.

ಬೈಗುಳವನ್ನು ಬಿರುದಾಗಿ ಮಾಡಿಕೊಂಡವನು ಡಯೋಜನೀಸ್ ಎಂಬ ಗ್ರೀಕ್ ತತ್ತ್ವಜ್ಞಾನಿ. ಕಪ್ಪುಸಮುದ್ರದ ದಂಡೆಯ ಸಿನೋಪ್‌ನವನು, ಕ್ರಿ.ಪೂ. 4ನೆಯ ಶತಮಾನದವನು. ಇಲ್ಲೊಂದು ತಕರಾರು ದಾಖಲಿಸಬೇಕು. ನಮ್ಮ ಭಾಷಣಕಾರರು ಅವನನ್ನು ಮರದ ಪೀಪಾಯಿಯಲ್ಲಿ ಕೂರಿಸುತ್ತಾರೆ. ಅದು ಪೀಪಾಯಿಯಲ್ಲ, ಕಾಳು, ಎಣ್ಣೆ ತುಂಬಿಡುವ ಮಣ್ಣಿನ ದೊಡ್ಡ ಗುಡಾಣ. ಹಗಲಲ್ಲಿ ದೀಪ ಹಿಡಿದು ಅವನು ‘ಪ್ರಾಮಾಣಿಕ ಮನುಷ್ಯ’ನನ್ನು ಹುಡುಕಿದ ಎನ್ನುತ್ತಾರೆ. ಅವನ ಚರಿತ್ರೆ ಬರೆದ, ಅವನದೇ ಹೆಸರಿನ ಡಯೋಜನೀಸ್ ಲೇರ್ಟಿಯಸ್‌ನ ಗ್ರಂಥದಲ್ಲಿ ‘ಪ್ರಾಮಾಣಿಕ’ ಎಂಬ ಮಾತೇ ಇಲ್ಲ. ಅವನು ಹುಡುಕಿದ್ದು ಮನುಷ್ಯನನ್ನು, ಅಷ್ಟೇ. ಈ ವಿಶೇಷಣವನ್ನು ಸೇರಿಸಿದವರು ಕಥೆಯ ಹಲ್ಲು ಕಿತ್ತರು. ಆಮೇಲೆ ಸಿನಿಕನ ಬಗ್ಗೆ ಆಸ್ಕರ್ ವೈಲ್ಡ್‌ನ ಆ ಒಂದು ವಾಕ್ಯ ಹೇಳದೆ ಭಾಷಣ ಮುಗಿಯುವುದಿಲ್ಲ. ನಾನು ಹೇಳುವುದಿಲ್ಲ.

ಡಯೋಜನೀಸ್‌ನ ತಂದೆ ನಾಣ್ಯದ ವ್ಯವಹಾರದವನು. ತಂದೆ ಮಗ ಇಬ್ಬರೂ ಸೇರಿಯೋ ಅಥವಾ ಯಾರಾದರೊಬ್ಬರೋ ಊರಿನ ನಾಣ್ಯ ಕೆಡಿಸಿದರೆಂದು ಗಡೀಪಾರು ಆಯಿತಂತೆ. ಗ್ರೀಕಿನಲ್ಲಿ ನಾಣ್ಯ ‘ನೊಮಿಸ್ಮ’, ರೂಢಿ ‘ನೊಮೋಸ್’. ನಾಣ್ಯ ಕೆಡಿಸಿದವನೆಂಬ ಕಳಂಕವನ್ನೇ ಅವನ ಪಂಥ ಘೋಷಣೆಯಾಗಿ ಮಾಡಿಕೊಂಡಿತು: ಚಲಾವಣೆಯಲ್ಲಿರುವುದನ್ನೆಲ್ಲ ಉಜ್ಜಿ ನೋಡು. ಮನೆ, ಮಾನ, ಕುಲ, ಊರು ಇವೆಲ್ಲ ಖೋಟಾ ಎಂದ. ಆದರೆ ಅಸಲಿ ನಾಣ್ಯ ಒಂದುಂಟು, ಸಹಜವಾದ ಸದ್ಗುಣ, ಎಂದು ಹಟ ಹಿಡಿದ. ಏನನ್ನೂ ನಂಬದವನಲ್ಲ ಅವನು. ಒಂದನ್ನು ವಿಪರೀತ ನಂಬಿದವನು. ಅವನ ಗೋರಿಯ ಕಂಬದ ಮೇಲೆ ಕೊರಿಂಥ್‌ನವರು ಪ್ಯಾರೋಸ್ ದ್ವೀಪದ ಅಮೃತಶಿಲೆಯಲ್ಲಿ ಒಂದು ನಾಯಿಯನ್ನು ಕಡೆಸಿ ಇಟ್ಟರಂತೆ.

ಅವನ ಶಿಷ್ಯನೊಬ್ಬ ಭಾರತಕ್ಕೆ ಬಂದಿದ್ದ ಎಂಬುದು ನನ್ನ ಮೆಚ್ಚಿನ ಸಂಗತಿ. ಹೆಸರು ಒನೆಸಿಕ್ರಿಟಸ್, ಅಲೆಕ್ಸಾಂಡರನ ಹಡಗಿನ ಚುಕ್ಕಾಣಿಗ. ಕ್ರಿ.ಪೂ. 326ರಲ್ಲಿ ತಕ್ಷಶಿಲೆಯ ಹೊರಗೆ ಬಿಸಿಲಿನಲ್ಲಿ ಬೆತ್ತಲೆ ನಿಂತ, ಕೂತ, ಮಲಗಿದ ಹದಿನೈದು ತಪಸ್ವಿಗಳ ಬಳಿಗೆ ರಾಜ ಅವನನ್ನು ಕಳಿಸಿದ. ಗ್ರೀಕ್ ಭೂಗೋಳಕಾರ ಸ್ಟ್ರೇಬೊ ಈ ಕಥೆಯನ್ನು ಉಳಿಸಿದ್ದಾನೆ. ಅವರಲ್ಲೊಬ್ಬ, ಕಲನೋಸ್, ಇವನ ಬಟ್ಟೆ ನೋಡಿ ನಕ್ಕ. ಮಾತು ಬೇಕಿದ್ದರೆ ಬಟ್ಟೆ ಬಿಚ್ಚಿ ಇದೇ ಕಲ್ಲಿನ ಮೇಲೆ ಮಲಗು ಎಂದ. ಹಿರಿಯ ಮಂಡನಿಸ್ ಅವನನ್ನು ಗದರಿ, ಮಾತಿಗೆ ಒಪ್ಪಿದ. ಆದರೆ ಮೊದಲೇ ಕ್ಷಮೆ ಕೇಳಿಕೊಂಡ: ನಡುವೆ ಮೂವರು ದುಭಾಷಿಗಳಿದ್ದಾರೆ, ಅವರಿಗೆ ಭಾಷೆ ಬಿಟ್ಟು ಬೇರೇನೂ ತಿಳಿಯದು, ನನ್ನ ಮಾತು ಸ್ಪಷ್ಟವಾಗಿ ದಾಟಲಿ ಎಂದು ಬಯಸುವುದು ಕೆಸರಿನೊಳಗಿಂದ ತಿಳಿನೀರು ಹರಿಯಲಿ ಎಂದಂತೆ. ಒನೆಸಿಕ್ರಿಟಸ್ ತನ್ನ ಗುರುವಿನ ವಿಚಾರ ಹೇಳಿದಾಗ ಮಂಡನಿಸ್ ಮೆಚ್ಚಿದ, ಒಂದೇ ಕೊರತೆ ತೋರಿಸಿದ. ನಿಮ್ಮವರು ಪ್ರಕೃತಿಗಿಂತ ರೂಢಿಯನ್ನೇ ಮೇಲಿಟ್ಟಿದ್ದಾರೆ, ಇಲ್ಲದಿದ್ದರೆ ಬೆತ್ತಲೆ ಓಡಾಡಲು ನಾಚುತ್ತಿರಲಿಲ್ಲ ಎಂದ. ಅಥೆನ್ಸ್‌ನವರಿಗೆ ಅತಿಯಾಗಿ ಕಂಡ ಡಯೋಜನೀಸ್ ಇಲ್ಲಿನವರಿಗೆ ಸಾಲಲಿಲ್ಲ!

ಇಲ್ಲಿನವರಿಗೆ ಯಾಕೆ ಸಾಲೀತು? ಮಜ್ಝಿಮನಿಕಾಯದ 57ನೆಯ ಸುತ್ತದಲ್ಲಿ ಸೇನಿಯ ಎಂಬ ಬತ್ತಲೆ ಸನ್ಯಾಸಿ ಬರುತ್ತಾನೆ. ಅವನದು ಕುಕ್ಕುರವ್ರತ: ನೆಲಕ್ಕೆ ಹಾಕಿದ್ದನ್ನೇ ತಿನ್ನಬೇಕು. ಬುದ್ಧನ ಪಕ್ಕದಲ್ಲೂ ನಾಯಿಯಂತೆಯೇ ಮುದುಡಿ ಕೂತ. ಈ ವ್ರತದ ಫಲವೇನು ಎಂದರೆ ಬುದ್ಧ, ಕೇಳಬೇಡ ಬಿಡು ಎಂದು ಮತ್ತೆ ಮತ್ತೆ ತಪ್ಪಿಸಿಕೊಂಡು, ಕೊನೆಗೆ ಹೇಳಿದ: ಪೂರ್ತಿ ಪಾಲಿಸಿದವನು ಮುಂದೆ ನಾಯಿಯಾಗಿ ಹುಟ್ಟುತ್ತಾನೆ. ಸೇನಿಯ ಗೊಳೋ ಎಂದು ಅತ್ತ. ಶೈವ ಸಾಧಕರಾದ ಪಾಶುಪತರದು ಇನ್ನೂ ಸೂಕ್ಷ್ಮ. ಅವರ ಸೂತ್ರಗಳ ಪ್ರಕಾರ ಸಾಧಕ ಜನರ ನಡುವೆ ಗೊರಕೆ ಹೊಡೆದಂತೆ ನಟಿಸಬೇಕು, ಕುಂಟಬೇಕು, ನಡುಗಬೇಕು, ಬೇಕೆಂದೇ ಅವಮಾನ ಪಡೆಯಬೇಕು. ಬೈದವನ ಪುಣ್ಯ ಇವನಿಗೆ, ಇವನ ಪಾಪ ಬೈದವನಿಗೆ. ಹಾರ್ವರ್ಡ್‌ನ ಸಂಸ್ಕೃತ ವಿದ್ವಾಂಸ ಡೇನಿಯಲ್ ಇಂಗಾಲ್ಸ್ 1962ರಲ್ಲಿ ಸಿನಿಕರನ್ನೂ ಪಾಶುಪತರನ್ನೂ ಅಕ್ಕಪಕ್ಕ ನಿಲ್ಲಿಸಿ ಒಂದು ಪ್ರಬಂಧ ಬರೆದರು. ಪಾಶುಪತರ ಗುರು ಲಕುಲೀಶನ ಪರಂಪರೆಯವರೇ ನಮ್ಮ ಬಳ್ಳಿಗಾವೆಯ ಕೋಡಿಯಮಠದ ಕಾಳಾಮುಖರು. ಹಳಗನ್ನಡ ಶಾಸನಗಳಲ್ಲಿ ಶೈವ ತಪಸ್ವಿಗೆ ‘ಗೊರವ’ ಎನ್ನುತ್ತಾರೆ. ಆ ಹೆಸರು ಹೊತ್ತವರನ್ನು ಈಗಲೂ ನೋಡಬಹುದು. ಹೂವಿನಹಡಗಲಿ ತಾಲ್ಲೂಕಿನ ಮೈಲಾರದಲ್ಲಿ ಕರಿಕಂಬಳಿ ಹೊದ್ದ ಗೊರವರು ತಾವು ಮೈಲಾರಲಿಂಗನ ನಾಯಿಗಳೆಂದು ಬೊಗಳುತ್ತ, ದೋಣಿ ಎಂದು ಕರೆಯುವ ಮರದ ಪಾತ್ರೆಗೆ ಹಾಕಿದ ಹಾಲು ಬಾಳೆಹಣ್ಣನ್ನು ಕೈಯಿಂದ ಮುಟ್ಟದೆ ಬಾಯಿಂದಲೇ ತಿನ್ನುತ್ತಾರೆ. ಪಾಶುಪತರಿಂದ ಇವರವರೆಗೆ ನೇರ ಗೆರೆ ಎಳೆಯುವ ಧೈರ್ಯ ನನಗಿಲ್ಲ. ಆದರೆ ನಾಯಿ ಎನಿಸಿಕೊಳ್ಳುವುದು ಭಕ್ತಿಯ ತುತ್ತತುದಿಯೂ ಆಗಬಹುದೆಂದು ತಿಳಿಯಲು ನಾವು ಅಥೆನ್ಸ್‌ವರೆಗೆ ಹೋಗಬೇಕಿಲ್ಲ.

ಇಷ್ಟು ಬರೆದು ಪೆನ್ನು ಕೆಳಗಿಟ್ಟಾಗ, ನಾನು ಕೇಳಿಕೊಳ್ಳಬೇಕಾಗಿದ್ದ ಪ್ರಶ್ನೆ ಇದಲ್ಲ ಎನಿಸಿತು. ಪದ ಎಲ್ಲಿಂದ ಬಂತು ಎಂಬುದಲ್ಲ, ಆ ಕೊಠಡಿಯಲ್ಲಿ ಅದು ಯಾರಿಂದ ಹೊರಟು ಯಾರಿಗೆ ಹೋಗಿ ತಗಲಿತು ಎಂಬುದು.

ಇಂಗ್ಲಿಷಿನವರು ಈ ವಿಶೇಷಣವನ್ನು ಹೇಗೆ ಬಳಸುತ್ತಾರೆ ನೋಡಿ. ಎಲ್ಲರ ಉದ್ದೇಶವನ್ನೂ ಶಂಕಿಸುವವನು ಸಿನಿಕಲ್. ಫುಟ್‌ಬಾಲಿನಲ್ಲಿ ಗೋಲು ತಪ್ಪಿಸಲು ಲೆಕ್ಕ ಹಾಕಿಯೇ ಎದುರಾಳಿಯ ಕಾಲಿಗೆ ಕಾಲು ಕೊಡುವುದೂ ಸಿನಿಕಲ್ ಫೌಲ್. ಚುನಾವಣೆಗೆ ಮುಂಚೆ ಹಾಕಿ, ಮುಗಿದ ಮೇಲೆ ಕಿತ್ತುಹೋಗುವ ಡಾಂಬರೂ ಸಿನಿಕಲ್. ಅಂದರೆ, ನಾಚಿಕೆ ಬಿಟ್ಟು ಮೋಸ ಮಾಡುವವನಿಗೂ, ಇಲ್ಲೇನೋ ಮೋಸವಿದೆ ಎಂದು ಮೂಗು ಅರಳಿಸುವವನಿಗೂ ಒಂದೇ ಪದ. ಕಳ್ಳನಿಗೂ ಕಾವಲುನಾಯಿಗೂ ಒಂದೇ ಹೆಸರಿಟ್ಟ ಊರಿನಲ್ಲಿ ಕಳ್ಳನಿಗೆ ಎಷ್ಟು ಅನುಕೂಲ! 1755ರಲ್ಲಿ ಸ್ಯಾಮ್ಯುಯೆಲ್ ಜಾನ್ಸನ್ ನಿಘಂಟು ಮಾಡಿದಾಗ ಈ ಪದದಲ್ಲಿ ಇನ್ನೂ ನಾಯಿಯ ಗುರುಗುಟ್ಟುವಿಕೆ ಕೇಳುತ್ತಿತ್ತು. ಆಮೇಲೆ ಗುರುಗುಟ್ಟುವಿಕೆ ಹೋಗಿ ತುಟಿಯ ಓರೆನಗು ಉಳಿಯಿತು. ಆಂಬ್ರೋಸ್ ಬಿಯರ್ಸ್ ತನ್ನ ವಿಡಂಬನೆಯ ಶಬ್ದಕೋಶವನ್ನು 1906ರಲ್ಲಿ ಪ್ರಕಟಿಸಿದಾಗ ಅದು ಸಿನಿಕನ ಶಬ್ದಕೋಶ. 1911ರಲ್ಲಿ ಅದೇ ಸೈತಾನನ ಶಬ್ದಕೋಶವಾಯಿತು. ಭಡ್ತಿಯೋ ಹಿಂಬಡ್ತಿಯೋ ತಿಳಿಯದು.

ಜರ್ಮನರು ಮಾತ್ರ ಎಚ್ಚರವಾಗಿದ್ದಾರೆ. ಹಳೆಯ ನಾಯಿಪಂಥದವನಿಗೆ ಅವರು ‘ಕ್ಯೂನಿಕರ್’ ಎನ್ನುತ್ತಾರೆ, ಈ ಕಾಲದವನಿಗೆ ‘ತ್ಸ್ಯೂನಿಕರ್’. ಪೀಟರ್ ಸ್ಲೋಟರ್‌ಡೈಕ್ 1983ರಲ್ಲಿ ಈ ವ್ಯತ್ಯಾಸದ ಮೇಲೆಯೇ ದಪ್ಪದೊಂದು ಪುಸ್ತಕ ಕಟ್ಟಿದರು. ಅವರ ಪ್ರಕಾರ ಮೊದಲನೆಯವನು ಕೆಳಗಿನಿಂದ ಅಧಿಕಾರದ ಮುಖಕ್ಕೆ ನಗುವವನು. ಎರಡನೆಯವನು ಎಲ್ಲ ತಿಳಿದವನು, ಎಲ್ಲ ಸುಳ್ಳೆಂದೂ ಗೊತ್ತಿರುವವನು, ಆದರೂ ಬೆಳಗ್ಗೆ ಎದ್ದು ಅದನ್ನೇ ಮಾಡಲು ಹೋಗುವವನು.

ಈಗ ಕೊಠಡಿಗೆ ವಾಪಸ್ ಬನ್ನಿ. ಟೀಚರ್ ಕೇಳಿದ್ದರಲ್ಲಿ ಯಾರ ಉದ್ದೇಶದ ಮಾತೂ ಇರಲಿಲ್ಲ. ಹೂಳು ತೆಗೆದಿದ್ದರೆ ಅದು ಎಲ್ಲೋ ಇರಬೇಕು, ಎಲ್ಲಿದೆ? ಗಣಿತದವರ ಪ್ರಶ್ನೆ. ಉತ್ತರವಿದೆ ಎಂದು ನಂಬಿದವರು ಮಾತ್ರ ಅದನ್ನು ಕೇಳಬಲ್ಲರು. ಅವರು ಸಿನಿಕರಾಗಿದ್ದರೆ ಹಳೆಯ ಅರ್ಥದಲ್ಲಿ. ಉತ್ತರ ಕೊಡಬೇಕಿಲ್ಲವೆಂದು ಗೊತ್ತಿದ್ದೇ ನಕ್ಕವರು ಹೊಸ ಅರ್ಥದಲ್ಲಿ.

ನಕ್ಕವರು ಅಧಿಕಾರಿ ಒಬ್ಬರೇ ಅಲ್ಲ, ಎಲ್ಲರೂ ನಕ್ಕರು ಎಂದು ಮೊದಲ ಪ್ಯಾರಾದಲ್ಲೇ ಬರೆದಿದ್ದೇನೆ. ಆ ‘ಎಲ್ಲರೂ’ ಒಳಗೆ ನಾನೂ ಇದ್ದೆ. ಯಾಕೆ ನಕ್ಕೆ? ಹೂಳು ಎಲ್ಲೂ ಇಲ್ಲವೆಂದು ನನಗೂ ಗೊತ್ತಿತ್ತು. ಕೇಳಿದರೆ ಪ್ರಯೋಜನವಿಲ್ಲವೆಂದೂ ಗೊತ್ತಿತ್ತು. ಇಷ್ಟೆಲ್ಲ ಗೊತ್ತಿದ್ದವನು ಮಾಡಿದ ಕೆಲಸವೆಂದರೆ ಮನೆಗೆ ಬಂದು ನಿಘಂಟು ತೆಗೆದದ್ದು. ಸ್ಲೋಟರ್‌ಡೈಕರ ಪುಸ್ತಕದ ದಪ್ಪ ನನಗೆ ಈಗ ಅರ್ಥವಾಗುತ್ತಿದೆ.

ಗ್ರೀಕಿನಿಂದ ಲ್ಯಾಟಿನ್, ಅಲ್ಲಿಂದ ಇಂಗ್ಲಿಷ್, ಅಲ್ಲಿಂದ ಕನ್ನಡ: ಮಂಡನಿಸ್ ಹೆದರಿದಂತೆ ದುಭಾಷಿಗಳು ಮೂವರೇ. ಪ್ರತಿಯೊಬ್ಬರ ದಡದಲ್ಲೂ ಒಂದಿಷ್ಟು ಕೆಸರು ಕೂಡಿಕೊಂಡಿತು. ಪದದ ಹೂಳನ್ನು ಕೈಲಾದಷ್ಟು ಎತ್ತಿ ಈ ಅಂಕಣದ ದಂಡೆಗೆ ಹಾಕಿದ್ದೇನೆ, ಬೇಕಾದವರು ಬಂದು ಅಳೆದುಕೊಳ್ಳಬಹುದು. ಮೋರಿಯ ಹೂಳನ್ನು ಎಲ್ಲಿ ಹಾಕಿದರೆಂದು ಈ ವಾರವೂ ಯಾರೂ ಹೇಳಿಲ್ಲ. ಮುಂದಿನ ಸಭೆಗೆ ಇನ್ನೂ ಐದು ವಾರವಿದೆ.